ಅಂಟಕ್ಕ ಬಿಡಿಸಿದ ಪುಟ

ಅವಳ ನಿಜವಾದ ಹೆಸರು ಕಚೇರಿಯ ಹಾಜರಿ ಪುಸ್ತಕಕ್ಕೆ ಮಾತ್ರ ಗೊತ್ತಿತ್ತು. ಉಳಿದವರಿಗೆಲ್ಲ ಅವಳು ಅಂಟಕ್ಕ. ಹಳೆಯ ದಾಖಲೆಗಳನ್ನು ಕಾಪಾಡುವ ಆ ಸರ್ಕಾರಿ ಕಟ್ಟಡದಲ್ಲಿ ಮೂವತ್ತೊಂದು ವರ್ಷ ಹರಿದ ಕಾಗದಗಳಿಗೆ ಅಂಟು ಹಚ್ಚಿಕೊಂಡು ಬಂದವಳಿಗೆ ಇನ್ನೇನು ಹೆಸರಿಡಲು ಸಾಧ್ಯ ಹೇಳಿ. ಬಾಗಿಲು ಕಾಯುವವನಿಂದ ಹಿಡಿದು ದೊಡ್ಡ ಸಾಹೇಬರ ತನಕ ಎಲ್ಲರೂ ಹಾಗೇ ಕರೆಯುತ್ತಿದ್ದರು, ಅವಳೂ ಖುಷಿಯಾಗಿ ಓಗೊಡುತ್ತಿದ್ದಳು.

ಅವಳ ಕೋಣೆ ಎರಡನೇ ಮಹಡಿಯ ಕೊನೆಯಲ್ಲಿತ್ತು. ಒಂದು ದೊಡ್ಡ ಕಿಟಕಿ, ಅದರ ಕೆಳಗೆ ಗಾಜು ಹಾಸಿದ ಉದ್ದನೆಯ ಮೇಜು, ಮೇಜಿನ ಮೇಲೆ ಕುಂಚಗಳು, ಚಿಮಟ, ಮೂಳೆಯಿಂದ ಮಾಡಿದ ತೆಳ್ಳನೆಯ ಪಟ್ಟಿ, ಭಾರಕ್ಕೆ ಇಡುವ ಕಬ್ಬಿಣದ ತುಂಡುಗಳು. ಮೂಲೆಯಲ್ಲಿ ಒಂದು ಸಣ್ಣ ಒಲೆ. ಬೆಳಿಗ್ಗೆ ಬಂದವಳೇ ಗೋಧಿ ಹಿಟ್ಟನ್ನು ನೀರಿನಲ್ಲಿ ಕದಡಿ, ಗಂಟಾಗದ ಹಾಗೆ ಕೈ ಬಿಡದೆ ತಿರುವಿ, ಬಟ್ಟೆಯಲ್ಲಿ ಸೋಸಿ ಆ ದಿನದ ಅಂಟನ್ನು ಆ ದಿನವೇ ಮಾಡಿಕೊಳ್ಳುತ್ತಿದ್ದಳು. ಒಮ್ಮೆ ಹೊಸದಾಗಿ ಬಂದ ಗುಮಾಸ್ತನೊಬ್ಬ ಹಸಿದ ಹೊಟ್ಟೆಯಲ್ಲಿ ಒಳಗೆ ನುಗ್ಗಿ, ಎರಡು ಚಮಚ ಬಾಯಿಗೆ ಹಾಕಿಕೊಂಡು, "ಅಕ್ಕಾ, ಗಂಜಿಗೆ ಉಪ್ಪು ಮರ್ತಿದ್ದೀರಿ" ಅಂದಿದ್ದ. ಆ ಗುಮಾಸ್ತನೇ ಈಗ ಕಚೇರಿಯ ದೊಡ್ಡ ಸಾಹೇಬ. ಈ ಸಂಗತಿಯನ್ನು ಅಂಟಕ್ಕ ಯಾರಿಗೂ ಹೇಳಿರಲಿಲ್ಲ; ಅಂದರೆ ಕೇಳಿದವರಿಗಷ್ಟೇ ಹೇಳಿದ್ದಳು, ಮತ್ತು ಕೇಳದವರು ಯಾರೂ ಇರಲಿಲ್ಲ.

ಕೆಲಸ ಕಲಿಸಿದ ಮುದುಕ ಮೇಸ್ತ್ರಿ ಅವಳಿಗೆ ಎರಡು ಮಾತು ಹೇಳಿಕೊಟ್ಟಿದ್ದ. ಮೊದಲನೆಯದು, "ಓದಬೇಡ. ಓದೋಕೆ ಹೋದ್ರೆ ಕೈ ನಿಂತುಬಿಡುತ್ತೆ. ನಮಗೆ ಕಾಗದ ಮುಖ್ಯ, ಕಥೆ ಅಲ್ಲ." ಎರಡನೆಯದು, "ಬೆನ್ನಿಗೆ ಬೇರೆ ಕಾಗದ ಅಂಟಿಸೋ ಮುಂಚೆ ಪುಟಾನ ಕಿಟಕಿ ಬೆಳಕಿಗೆ ಹಿಡಿದು ನೋಡು. ಖಾಲಿ ಅಂತ ಕಾಣೋ ಮಗ್ಗುಲಲ್ಲಿ ಮಾಸಿದ ಅಕ್ಷರ ಇರುತ್ತೆ." ಮೊದಲನೆಯ ಮಾತನ್ನು ಅವಳು ಎಷ್ಟು ನಿಷ್ಠೆಯಿಂದ ಪಾಲಿಸಿದಳೆಂದರೆ, ಸಾವಿರಾರು ಪುಟ ಅವಳ ಕೈದಾಟಿ ಹೋಗಿದ್ದರೂ ಅವುಗಳಲ್ಲಿ ಏನಿತ್ತು ಎಂದು ಕೇಳಿದರೆ "ಹುಳು ತಿಂದಿತ್ತು" ಎಂದಷ್ಟೇ ಹೇಳಬಲ್ಲವಳಾಗಿದ್ದಳು. ಎರಡನೆಯ ಮಾತನ್ನು ಒಂದೇ ಒಂದು ಸಲ ಮೀರಿದ್ದಳು. ಅದು ಅವಳಿಗೇ ಮರೆತುಹೋಗಿತ್ತು.

ಇನ್ನು ಮನೆಯ ವಿಷಯ. ಗಂಡ ಬಸ್ ಓಡಿಸುತ್ತಿದ್ದ, ಮನೆಯನ್ನು ಓಡಿಸುತ್ತಿದ್ದವಳು ಅತ್ತೆ. ಎಂಬತ್ತಮೂರು ವರ್ಷದ ಗಿಡ್ಡ ದೇಹ, ಆದರೆ ನಾಲಿಗೆಗೆ ಮಾತ್ರ ಇನ್ನೂ ಇಪ್ಪತ್ತು. ಆ ಅತ್ತೆಯ ತವರಿನಲ್ಲಿ ಒಂದು ಹಳೆಯ ಅವಮಾನವನ್ನು ಒಡವೆಯ ಹಾಗೆ ಜೋಪಾನವಾಗಿ ಕಾಪಾಡಿಕೊಂಡು ಬಂದಿದ್ದರು. ಗುಲಾಮಗಿರಿಯ ಕಾಲದಲ್ಲಿ, ಅಂದರೆ ಸುಮಾರು ನೂರ ಎಪ್ಪತ್ತು ವರ್ಷದ ಹಿಂದೆ, ಅತ್ತೆಯ ಮುತ್ತಜ್ಜ ಒಂಬತ್ತು ತಿಂಗಳ ಕೂಸಾಗಿದ್ದಾಗ ಅವನ ತಾಯಿ ಅವನನ್ನು ಗುಡಿಸಲಲ್ಲಿ ಬಿಟ್ಟು ಹೊಳೆಯ ಕೆಳದಂಡೆಯ ಯಾರದೋ ಹಿಂದೆ ಓಡಿಹೋಗಿದ್ದಳಂತೆ. ಮೂರು ತಿಂಗಳು ಬಿಟ್ಟು ಏನೂ ಆಗದವಳ ಹಾಗೆ ಹಿಂತಿರುಗಿದಳಂತೆ. ಅಂದಿನಿಂದ ಅವಳ ಹೆಸರೇ ಓಡಿಹೋದವಳು. ಅತ್ತೆಯ ತವರಿನಲ್ಲಿ ಹೆಣ್ಣುಮಕ್ಕಳು ಹೊಸ್ತಿಲು ದಾಟಿದರೆ ಸಾಕು, "ಓಡಿಹೋದವಳ ರಕ್ತ" ಎಂದು ಹಿರಿಯರು ಗೊಣಗುತ್ತಿದ್ದರು. ಅತ್ತೆ ಆ ಗೊಣಗಾಟ ಕೇಳುತ್ತಾ ಬೆಳೆದವಳು, ಮದುವೆಯಾಗಿ ಬರುವಾಗ ಅದನ್ನು ಜೊತೆಗೇ ತಂದಳು.

ಅಂಟಕ್ಕ ಕೆಲಸಕ್ಕೆ ಸೇರಿದಾಗ ಅವಳ ಮಗನಿಗೂ ಒಂಬತ್ತು ತಿಂಗಳು. ಮೊದಲ ದಿನ ಅವಳು ಚಪ್ಪಲಿ ಮೆಟ್ಟುವಾಗ ಅತ್ತೆ ಕೂಸನ್ನು ಸೊಂಟಕ್ಕೇರಿಸಿಕೊಂಡು ಬಾಗಿಲಲ್ಲಿ ನಿಂತು, "ಐದು ಗಂಟೆಗೆ ಮುಂಚೆ ಬಂದ್ರೆ ನೀನು ಈ ಮನೆ ಸೊಸೆ. ಆಮೇಲೆ ಬಂದ್ರೆ ಓಡಿಹೋದವಳು" ಅಂದಿದ್ದಳು. ಅಂಟಕ್ಕ ನಕ್ಕು ಹೊರಟಿದ್ದಳು. ಬಸ್ಸಿನಲ್ಲಿ ಕೂತ ಮೇಲೆ ಅತ್ತಿದ್ದಳು. ಮಗ ಬೆಳೆದು, ಮದುವೆಯಾಗಿ, ಅವನಿಗೇ ಮಕ್ಕಳಾದ ಮೇಲೂ ಐದು ಗಂಟೆ ದಾಟಿದರೆ ಅತ್ತೆಯ ಬಾಯಲ್ಲಿ ಆ ಮಾತು ತಪ್ಪುತ್ತಿರಲಿಲ್ಲ. ಉಳಿದಂತೆ ಇಬ್ಬರಿಗೂ ಒಳ್ಳೆಯ ಹೊಂದಾಣಿಕೆಯಿತ್ತು. ಜ್ವರ ಬಂದಾಗ ಒಬ್ಬರ ತಲೆ ಒಬ್ಬರು ಒತ್ತುತ್ತಿದ್ದರು, ಟಿವಿಯ ಮುಂದೆ ಕೂತು ಒಟ್ಟಿಗೆ ಅಳುತ್ತಿದ್ದರು. ಆ ಒಂದು ಮಾತು ಮಾತ್ರ ಇಬ್ಬರ ನಡುವೆ ಮುಳ್ಳಾಗಿ ಉಳಿದಿತ್ತು.

ಅಂಟಕ್ಕನ ನಿವೃತ್ತಿಗೆ ಐದು ತಿಂಗಳು ಇದ್ದಾಗ ಒಬ್ಬ ಸಂಶೋಧನೆಯ ಹುಡುಗಿ ಬಂದಳು. ಹಳೆಯ ಕಾಲದ ಬರಹಗಳಲ್ಲಿ ಗುಲಾಮರ ಬಗ್ಗೆ ಏನೇನು ಬರೆದಿದ್ದಾರೆ ಎಂದು ಹುಡುಕುವುದು ಅವಳ ಕೆಲಸ. ಓದುವ ಕೋಣೆಯ ಮಾಡು ಸೋರುತ್ತಿದ್ದರಿಂದ ಅವಳಿಗೆ ಅಂಟಕ್ಕನ ಮೇಜಿನ ತುದಿಯಲ್ಲಿ ಜಾಗ ಕೊಟ್ಟರು. ಹುಡುಗಿಗೆ ಒಂದು ಚಾಳಿ: ಓದುವಾಗ ಬಾಯಿ ಸುಮ್ಮನಿರುತ್ತಿರಲಿಲ್ಲ.

"ನೋಡಿ ಅಕ್ಕಾ, ಈ ಧಣಿ ಪಟ್ಟಿ ಮಾಡಿದ್ದಾನೆ. ಎತ್ತು ಆರು, ನೇಗಿಲು ನಾಲ್ಕು, ಗುಲಾಮರು ಒಂಬತ್ತು, ಕೊಡಲಿ ಎರಡು. ಮನುಷ್ಯರನ್ನ ನೇಗಿಲಿಗೂ ಕೊಡಲಿಗೂ ಮಧ್ಯೆ ಬರ್ಕೊಂಡಿದ್ದಾನೆ."

"ನಂಗೆ ಓದಿ ಹೇಳಬೇಡಮ್ಮ. ಕೈ ನಿಂತುಹೋಗುತ್ತೆ."

ಮೊದಲ ವಾರ ಹಾಗೆ ಹೇಳಿದವಳು ಎರಡನೇ ವಾರದಿಂದ ಬಾಯಿಗೆ ಬೀಗ ಹಾಕಿಕೊಂಡು ಕಿವಿ ತೆರೆದಿಟ್ಟಳು. ಮೇಸ್ತ್ರಿ ಓದಬೇಡ ಅಂದಿದ್ದನೇ ಹೊರತು ಕೇಳಬೇಡ ಅಂದಿರಲಿಲ್ಲವಲ್ಲ.

ಮೂರನೇ ವಾರ ಹುಡುಗಿ ಒಂದು ಗಡಿ ವ್ಯಾಜ್ಯದ ಕಡತ ಬಿಚ್ಚಿದಳು. ಹೊಳೆಯ ಮೇಲ್ದಂಡೆಗೆ ಒಬ್ಬ ಧಣಿ, ಕೆಳದಂಡೆಗೆ ಇನ್ನೊಬ್ಬ. ಇಬ್ಬರ ಜಮೀನಿನ ನಡುವೆ ಇದ್ದ ಹೊಲ ತನ್ನದು ಎಂದು ಇಬ್ಬರೂ ನ್ಯಾಯಸ್ಥಾನ ಹತ್ತಿದ್ದರು. "ಜೋಡಿ ಬಂಡೆಯ ಹೊಲ" ಎಂದು ಹುಡುಗಿ ಓದಿದ್ದೇ ತಡ, ಅಂಟಕ್ಕನ ಕುಂಚ ಗಾಳಿಯಲ್ಲೇ ನಿಂತಿತು. ಅತ್ತೆಯ ಕಥೆಯಲ್ಲಿ ಓಡಿಹೋದವಳ ಗುಡಿಸಲು ಇದ್ದದ್ದು ಜೋಡಿ ಬಂಡೆಯ ಹೊಲದಲ್ಲಿ.

"ಇನ್ನೊಂದ್ಸಲ ಓದು" ಅಂದಳು ಅಂಟಕ್ಕ.

ಹುಡುಗಿ ಕಣ್ಣರಳಿಸಿ ಅವಳನ್ನು ನೋಡಿ, ಆಮೇಲೆ ವಿವರಿಸಿದಳು. "ಗಡಿಕಲ್ಲುಗಳನ್ನ ಯಾರೋ ಕಿತ್ತುಹಾಕಿದ್ರು ಅಕ್ಕಾ. ಅದಾದ ಮೇಲೆ ಹೊಲ ಯಾರದು ಅಂತ ಹೇಳೋಕೆ ಉಳಿದಿದ್ದು ಅಲ್ಲಿ ಗುಡಿಸಲು ಹಾಕ್ಕೊಂಡಿದ್ದ ಗುಲಾಮ ಹೆಂಗಸೊಬ್ಬಳೇ. ಅವಳು ಯಾವ ಧಣಿಯವಳೋ ಹೊಲ ಆ ಧಣಿದು. ಕಲ್ಲಿನ ಬದಲು ಅವಳನ್ನ ಇಟ್ಕೊಂಡಿದ್ರು. ಇಗೋ, ಅವಳ ಸಾಕ್ಷಿ ಇಲ್ಲಿದೆ."

ಹುಡುಗಿ ಓದಿದಳು. ಎಲ್ಲಿ ವಾಸ ಎಂದು ಕೇಳಲಾಗಿ, ಜೋಡಿ ಬಂಡೆಯ ಹತ್ತಿರ ಎಂದಳು. ಗುಡಿಸಲು ಯಾರದು ಎಂದು ಕೇಳಲಾಗಿ, ಕಟ್ಟಿದವಳು ನಾನು ಎಂದಳು. ಕೂಸನ್ನು ಬಿಟ್ಟು ಕೆಳದಂಡೆಗೆ ಹೋದದ್ದು ಯಾಕೆ ಎಂದು ಕೇಳಲಾಗಿ, ಸಾಕ್ಷಿ ಹೇಳುವುದೇನೆಂದರೆ.

"ಏನೆಂದರೆ?"

"ಪುಟ ಮುಗಿದುಹೋಯ್ತು. ಹಿಂದಿನ ಮಗ್ಗುಲು ಖಾಲಿ. ಮುಂದಿನ ಪುಟದಲ್ಲಿ ಬೇರೆ ವಿಷಯ ಶುರುವಾಗಿದೆ."

ಅಂಟಕ್ಕ ಬಗ್ಗಿ ನೋಡಿದಳು. ಅಕ್ಷರವನ್ನಲ್ಲ, ಕಾಗದವನ್ನು. ನೋಡಿದ ಕೂಡಲೇ ಗುರುತು ಸಿಕ್ಕಿತು. ಗುರುತು ಸಿಗದೆ ಏನು, ಅದರ ದೊಡ್ಡ ಫೋಟೋಗೆ ಕಟ್ಟು ಹಾಕಿಸಿ ಕೆಳಗಿನ ಪಡಸಾಲೆಯಲ್ಲಿ ನೇತುಹಾಕಿದ್ದಾರೆ. ಕೆಲಸಕ್ಕೆ ಸೇರಿದ ಮೊದಲ ವರ್ಷ ನೂರು ಚೂರಾಗಿದ್ದ ಪುಟವೊಂದನ್ನು ಒಬ್ಬಳೇ ಜೋಡಿಸಿ, ಬೆನ್ನಿಗೆ ದಪ್ಪ ಕಾಗದ ಅಂಟಿಸಿ ಗಟ್ಟಿ ಮಾಡಿದ್ದಳು. ಅದಕ್ಕೆ ಬಹುಮಾನ ಬಂದಿತ್ತು. ಈಗ ಅದೇ ಪುಟವನ್ನು ಎರಡು ಕೈಯಲ್ಲಿ ಎತ್ತಿ ಕಿಟಕಿಗೆ ಹಿಡಿದಳು. ದಪ್ಪ ಕಾಗದದ ಅಡಿಯಲ್ಲಿ ಮಬ್ಬು ಮಬ್ಬಾಗಿ ಬೇರೆಯೇ ಸಾಲುಗಳು ಕಂಡವು. ಮೇಲಿನಿಂದ ಕೆಳಗಿನ ತನಕ ತುಂಬ ಬರೆದಿತ್ತು.

ಅವಳಿಗೆ ಆ ದಿನ ನೆನಪಾಯಿತು. ನಾಲ್ಕೂಮುಕ್ಕಾಲು ಆಗಿತ್ತು. ಐದರೊಳಗೆ ಮನೆ ಸೇರಬೇಕಿತ್ತು. ಕಿಟಕಿಗೆ ಹಿಡಿದು ನೋಡದೆ ಅಂಟು ಬಳಿದು, ಭಾರ ಹೇರಿ, ಬಸ್ಸಿಗೆ ಓಡಿದ್ದಳು. ಓಡಿಹೋದವಳು ಅನ್ನಿಸಿಕೊಳ್ಳಬಾರದೆಂದು ಓಡಿ, ಓಡಿಹೋದವಳ ಬಾಯಿಯನ್ನೇ ಮುಚ್ಚಿಬಿಟ್ಟಿದ್ದಳು. ಅವಳಿಗೆ ನಗು ಬಂತು, ನಗುವ ಮೊದಲೇ ಪುಟ ಬಿಡಿಸಲು ಒಪ್ಪಿಗೆ ಕೇಳುವುದಕ್ಕೆ ದೊಡ್ಡ ಸಾಹೇಬರ ಕೋಣೆಗೆ ನಡೆದಳು.

ದೊಡ್ಡ ಸಾಹೇಬರು ಕೇಳಿದ ಕೂಡಲೇ ಕೈ ಎತ್ತಿಬಿಟ್ಟರು. "ಬಹುಮಾನ ಬಂದ ಪುಟ ಅಂಟಕ್ಕ. ಬಿಡಿಸೋಕೆ ಹೋಗಿ ಅಕ್ಷರ ಕದಡಿಹೋದ್ರೆ ನಾನು ಮೇಲಿನವರಿಗೆ ಏನು ಹೇಳ್ಲಿ?"

"ಅಂಟಿಸಿದವಳು ನಾನು. ಬಿಡಿಸೋಳೂ ನಾನೇ. ಕೆಟ್ರೆ ನನ್ನ ಹೆಸರು ಬರೀರಿ."

"ನಿವೃತ್ತಿಗೆ ನಾಲ್ಕು ತಿಂಗಳಿದೆ. ಯಾಕೆ ಬೇಕು ಈ ಉಸಾಬರಿ?"

"ಸಾಹೇಬ್ರೆ, ಅದು ಬರೀ ಗೋಧಿ ಅಂಟು. ನೀರು ತಾಗಿದ್ರೆ ಬಿಡುತ್ತೆ. ಅದರ ಗುಣ ಎಂಥದ್ದು ಅಂತ ತಿಂದು ನೋಡಿದ ನಿಮಗೆ ನಾನು ಹೇಳ್ಬೇಕಾ?"

ಸಾಹೇಬರು ಬಾಗಿಲ ಕಡೆ ಒಮ್ಮೆ ನೋಡಿ, ಪೆನ್ನು ತೆಗೆದು ಸಹಿ ಹಾಕಿದರು.

ಸಂಜೆ ಮನೆಯಲ್ಲಿ ಚಹಾ ಕುಡಿಯುವಾಗ ಅಂಟಕ್ಕ ಎಲ್ಲವನ್ನೂ ಅತ್ತೆಗೆ ಹೇಳಿದಳು. ಅತ್ತೆ ಲೋಟ ಕೆಳಗಿಟ್ಟು, "ಯಾವ ಕಾಲದ್ದೋ ಕಥೆ ಕಟ್ಕೊಂಡು ನನಗೇನು" ಎಂದು ಮೂಗು ಮುರಿದಳು. ಲೋಟದಲ್ಲಿ ಚಹಾ ಅರ್ಧ ಹಾಗೇ ಉಳಿಯಿತು. ಆಮೇಲೆ ಸಣ್ಣ ದನಿಯಲ್ಲಿ, "ಓಡಿಹೋದೆ ಅಂತಾನೇ ಅದರಲ್ಲಿ ಬರ್ದಿದ್ರೆ?" ಅಂದಳು.

ಅಂಟಕ್ಕ ಅದನ್ನು ಯೋಚಿಸಿರಲಿಲ್ಲ. ಬಾಯಿಮಾತಾದರೆ ಸುಳ್ಳು ಎಂದು ತಳ್ಳಿಹಾಕಬಹುದು. ಮೊಹರು ಬಿದ್ದ ಕಾಗದದಲ್ಲಿ ಇದ್ದರೆ ಮೊಮ್ಮಕ್ಕಳ ಕಾಲಕ್ಕೂ ಅದು ಅಳಿಸುವುದಿಲ್ಲ. ಅತ್ತೆಗೆ ಭಯವಾಗಿದೆ ಎಂದು ಅವಳಿಗೆ ತಿಳಿಯಿತು. ಇಷ್ಟು ವರ್ಷದಲ್ಲಿ ಅತ್ತೆ ಹೆದರಿದ್ದನ್ನು ಅವಳು ಕಂಡದ್ದು ಅದೇ ಮೊದಲು.

"ಬೇಡ ಅಂದ್ರೆ ಬಿಡ್ತೀನಿ ಅತ್ತೆ. ಹಾಗೇ ಮುಚ್ಚಿರಲಿ."

"ಬೇಡ ಅಂತ ನಾನೆಲ್ಲಿ ಹೇಳ್ದೆ?"

ಮರುದಿನ ಏಳು ಗಂಟೆಗೇ ಅತ್ತೆ ಪೆಟ್ಟಿಗೆಯಲ್ಲಿಟ್ಟಿದ್ದ ಒಳ್ಳೆಯ ಬಟ್ಟೆ ಉಟ್ಟು, ಊರುಗೋಲು ಹಿಡಿದು ಬಾಗಿಲಲ್ಲಿ ನಿಂತಿದ್ದಳು. ಕಚೇರಿಯಲ್ಲಿ ಬಾಗಿಲು ಕಾಯುವವನು ಗುರುತಿನ ಚೀಟಿ ಕೇಳಿದ್ದಕ್ಕೆ, "ನನ್ನ ಮುತ್ತಜ್ಜನ ತಾಯಿ ಒಳಗಿದ್ದಾಳೆ, ಅವಳನ್ನ ಕೇಳು" ಎಂದು ಹೇಳಿ ಮೆಟ್ಟಿಲು ಹತ್ತಿದಳು. ಅವನು ಅಲ್ಲೇ ನಿಂತು ತಲೆ ಕೆರೆದುಕೊಂಡ.

ಹತ್ತು ಗಂಟೆಗೆ ಅಂಟಕ್ಕ ಕೆಲಸ ಶುರುಮಾಡಿದಳು. ಮೊದಲು ಹತ್ತಿಯನ್ನು ನೀರಿಗೆ ಅದ್ದಿ ಮುಂದಿನ ಮಗ್ಗುಲಿನ ಒಂದು ಅಕ್ಷರದ ಬಾಲಕ್ಕೆ ಮುಟ್ಟಿಸಿದಳು. ಮಸಿ ಕದಡಲಿಲ್ಲ. ಪುಟವನ್ನು ಬೋರಲು ಮಲಗಿಸಿ, ಮೇಲೆ ತೆಳುಬಟ್ಟೆ ಹಾಸಿ, ಒದ್ದೆ ಮಾಡಿ ಹಿಂಡಿದ ಬ್ಲಾಟಿಂಗ್ ಪೇಪರ್ ಇಟ್ಟು, ಗಾಜು ಮುಚ್ಚಿದಳು. ಮುಕ್ಕಾಲು ಗಂಟೆ ಕಾಯಬೇಕಿತ್ತು. ಅತ್ತೆಗೆ ಕಾಯುವುದು ಅಭ್ಯಾಸವಿರಲಿಲ್ಲ.

"ಎಳೆದುಬಿಡೇ ಒಂದ್ಸಲಕ್ಕೆ."

"ಇದು ಹಾಲಿನ ಕೆನೆ ಅಲ್ಲ ಅತ್ತೆ. ಎಳೆದ್ರೆ ಅವಳೂ ಜೊತೆಗೆ ಬರ್ತಾಳೆ."

ಗಾಜು ತೆಗೆದಾಗ ದಪ್ಪ ಕಾಗದದ ಮೂಲೆ ಸುಕ್ಕಾಗಿ ಎದ್ದಿತ್ತು. ಮೂಳೆಯ ಪಟ್ಟಿಯನ್ನು ಅದರ ಕೆಳಗೆ ತೂರಿಸಿ, ಉಸಿರು ಬಿಗಿಹಿಡಿದು, ಬೆರಳಗಲ ಬಿಡಿಸಿದಳು. ನಿಂತಳು. ಇನ್ನೊಂದು ಬೆರಳಗಲ. ಒಂದು ಕಡೆ ಬಿಗಿಯಾಯಿತು, ಅಲ್ಲಿ ಎರಡು ಹನಿ ನೀರು ಬಿಟ್ಟು ಮತ್ತೆ ಕಾದಳು. ಬಾಗಿಲಲ್ಲಿ ದೊಡ್ಡ ಸಾಹೇಬರು, ಅವರ ಹಿಂದೆ ಇಬ್ಬರು ಗುಮಾಸ್ತರು, ಅವರ ಹಿಂದೆ ಚಹಾದವನು ಬಂದು ನಿಂತದ್ದು ಅವಳಿಗೆ ಗೊತ್ತಾಗಲಿಲ್ಲ. ಹನ್ನೆರಡು ಗಂಟೆಯ ಹೊತ್ತಿಗೆ ತಾನೇ ಅಂಟಿಸಿದ ಕಾಗದ ಒಂದೇ ಹಾಳೆಯಾಗಿ ಅವಳ ಕೈಗೆ ಬಂತು. ಬೆರಳ ತುದಿಯಿಂದ ಹಳೆಯ ಅಂಟನ್ನು ಉರುಳಿಸಿ ಉರುಳಿಸಿ ತೆಗೆದಳು. ಕಂದು ಬಣ್ಣದ ಸಾಲುಗಳು ಒಂದೊಂದಾಗಿ ಮೇಲೆ ಬಂದವು. ಒಂದು ಅಕ್ಷರವೂ ಹೋಗಿರಲಿಲ್ಲ.

"ಓದಮ್ಮ" ಅಂದಳು ಅಂಟಕ್ಕ.

ಹುಡುಗಿ ಬಗ್ಗಿ ಓದತೊಡಗಿದಳು. ಸಾಕ್ಷಿ ಹೇಳುವುದೇನೆಂದರೆ, ತಾನು ಹೋಗಲಿಲ್ಲ, ಒಯ್ದರು. ಹಗಲು ಹೊತ್ತಿನಲ್ಲಿ ನೀರು ತರುವಾಗ ಕೆಳದಂಡೆಯ ನಾಲ್ವರು ಬಂದು ಬಾಯಿಗೆ ಬಟ್ಟೆ ತುರುಕಿ, ಗಾಡಿಗೆ ಹಾಕಿಕೊಂಡು ಹೋಗಿ ಕಣಜದಲ್ಲಿ ಕೂಡಿಹಾಕಿದರು. ಮೊದಲಿನಿಂದಲೂ ನಾನು ಕೆಳದಂಡೆಯ ಧಣಿಯವಳು ಎಂದು ಹೇಳಲು ದಿನವೂ ಬಾಯಿಪಾಠ ಮಾಡಿಸಿದರು. ಕಣಜದ ಗೋಡೆಯ ಬಿರುಕಿನಿಂದ ತನ್ನ ಗುಡಿಸಲ ಹೊಗೆ ಕಾಣುತ್ತಿತ್ತು. ಹೊಗೆ ಎದ್ದ ದಿನ, ಯಾರೋ ಕೂಸಿಗೆ ಗಂಜಿ ಕಾಯಿಸುತ್ತಿದ್ದಾರೆ ಎಂದು ತಾನೂ ಉಂಡಳು. ಏಳದ ದಿನ ಉಣ್ಣಲಿಲ್ಲ. ಮೂರನೇ ತಿಂಗಳು ಅದೇ ಬಿರುಕನ್ನು ಸೌಟಿನಿಂದ ಕೆರೆದು ದೊಡ್ಡದು ಮಾಡಿ ಹೊರಬಿದ್ದಳು. ಗುಡಿಸಲಿಗೆ ಹೋದರೆ ಮತ್ತೆ ಹಿಡಿಯುತ್ತಾರೆಂದು ಎರಡು ದಿನ ನಡೆದು ನೇರವಾಗಿ ಈ ನ್ಯಾಯಸ್ಥಾನಕ್ಕೆ ಬಂದಳು.

ಅತ್ತೆ ಊರುಗೋಲನ್ನು ಎರಡೂ ಕೈಯಲ್ಲಿ ಹಿಡಿದು ಪುಟವನ್ನೇ ನೋಡುತ್ತಿದ್ದಳು.

"ನೀನು ಯಾವ ಧಣಿಯ ಗುಲಾಮಳು ಎಂದು ಮತ್ತೆ ಕೇಳಲಾಗಿ," ಎಂದು ಹುಡುಗಿ ಮುಂದುವರಿಸಿದಳು. "ಸಾಕ್ಷಿ ಹೇಳುವುದೇನೆಂದರೆ, ನೆಲವನ್ನು ಯಾರ ಹೆಸರಿಗಾದರೂ ಬರೆದುಕೊಳ್ಳಿ. ಕೂಸು ನನ್ನದು ಎಂದು ಬರೆಯಿರಿ."

ಗುಲಾಮಳ ಕೂಸು ಧಣಿಯ ಸೊತ್ತಾಗಿದ್ದ ಕಾಲ ಅದು. ಹಾಗೆ ಹೇಳಲು ಎಷ್ಟು ಎದೆಗಾರಿಕೆ ಬೇಕಿತ್ತೋ ಏನೋ. ಕೊನೆಯಲ್ಲಿ, ಅಂಚಿನ ಸಣ್ಣ ಜಾಗದಲ್ಲಿ, ಬರೆಯುವ ಗುಮಾಸ್ತ ಓರೆಯಾಗಿ ಎರಡು ಸಾಲು ಸೇರಿಸಿದ್ದ. ನಾಲ್ಕನೇ ದಿನ ಕೂಸನ್ನು ತರಿಸಿ ಸಾಕ್ಷಿಯ ಕೈಗೆ ಕೊಡಲಾಯಿತು. ಕೂಸು ಅಳು ನಿಲ್ಲಿಸದ ಕಾರಣ ವಿಚಾರಣೆಯನ್ನು ಮಧ್ಯಾಹ್ನಕ್ಕೆ ಮುಂದೂಡಲಾಯಿತು.

ಮೊದಲು ನಕ್ಕವಳು ಅತ್ತೆ. "ನಮ್ಮ ಮುತ್ತಜ್ಜ ಅತ್ತು ನ್ಯಾಯಸ್ಥಾನಾನೇ ಎಬ್ಬಿಸಿ ಕಳಿಸಿದ್ದಾನೆ" ಎಂದು ಹೇಳಿ ನಕ್ಕಳು, ಹೊಟ್ಟೆ ಹಿಡಿದುಕೊಂಡು ನಕ್ಕಳು, ಕಣ್ಣೀರು ಒರೆಸಿಕೊಂಡು ಮತ್ತೆ ನಕ್ಕಳು. ಹುಡುಗಿ ನಕ್ಕಳು, ಗುಮಾಸ್ತರು ನಕ್ಕರು, ಸಾಹೇಬರು ಸಾಹೇಬಗಿರಿ ಮರೆತು ಬಾಗಿಲ ಚೌಕಟ್ಟಿಗೆ ಒರಗಿ ನಕ್ಕರು. ಅಂಟಕ್ಕ ಮಾತ್ರ ಒದ್ದೆ ಕೈಗಳನ್ನು ಗಾಳಿಯಲ್ಲಿ ಹಿಡಿದುಕೊಂಡು ಬಿಕ್ಕಿ ಬಿಕ್ಕಿ ಅಳುತ್ತಿದ್ದಳು, ಸಂತೋಷಕ್ಕೆ.

"ಆದ್ರೆ ಓಡಿಹೋದಳು ಅಂತ ಹೇಗೆ ಹಬ್ಬಿತು?" ಎಂದು ಸಾಹೇಬರು ಕೇಳಿದರು.

"ಮೇಲ್ದಂಡೆಯ ಧಣಿ ತನ್ನ ಪಟ್ಟಿಯಲ್ಲಿ ಅವಳ ಹೆಸರಿನ ಮುಂದೆ ಓಡಿಹೋಗಿದ್ದಾಳೆ ಅಂತ ಬರ್ಸಿದ್ದಾನೆ ಸರ್" ಅಂದಳು ಹುಡುಗಿ. "ತನ್ನ ಹೊಲದಿಂದ ಹಾಡುಹಗಲೇ ಎತ್ಕೊಂಡು ಹೋದ್ರು ಅಂದ್ರೆ ಅವನ ಮರ್ಯಾದೆ ಹೋಗುತ್ತಲ್ಲ. ಊರವರೂ ಅದನ್ನೇ ನಂಬಿದ್ರು ಅನ್ಸುತ್ತೆ."

ಅತ್ತೆಯ ನಗು ನಿಂತಿತು. "ಊರವರ ಮಾತು ಬಿಡು. ಅವಳು ಮನೆಗೆ ಬಂದು ನಮ್ಮವರಿಗೂ ಹೇಳಿರ್ತಾಳೆ. ನಮ್ಮವರು ಅವಳನ್ನ ನಂಬದೆ ಧಣಿನ ನಂಬಿದ್ರು. ಅವನು ಕಟ್ಟಿದ ಸುಳ್ಳನ್ನ ನಾವು ಇಷ್ಟು ತಲೆಮಾರು ಅನ್ನ ಹಾಕಿ ಸಾಕಿದ್ವಿ." ಹಾಗೆಂದವಳು ಎದ್ದು, ಮೇಜು ಸುತ್ತಿ ಬಂದು, ಸೊಸೆಯ ಅಂಟು ಮೆತ್ತಿದ ಕೈಯನ್ನು ಹಿಡಿದುಕೊಂಡಳು. "ನಾನೂ ಸಾಕಿದೆ ಕಣೇ. ನಿನ್ನ ಮೇಲೆ ಬಿಟ್ಟೆ. ತಪ್ಪಾಯ್ತು."

"ನೀವು ಐದು ಗಂಟೆ ಅಂತ ಹೆದರಿಸದೆ ಇದ್ದಿದ್ರೆ ನಾನು ಅವತ್ತೇ ಕಿಟಕಿಗೆ ಹಿಡಿದು ನೋಡ್ತಿದ್ದೆ ಅತ್ತೆ" ಎಂದು ಅಂಟಕ್ಕ ಅಳುತ್ತಲೇ ಹೇಳಿದಳು. "ಈ ಪುಟ ಮುಚ್ಚಿದ್ದರಲ್ಲಿ ಅರ್ಧ ಪಾಲು ನಿಮ್ಮದು."

"ಆಯ್ತು, ಅದಕ್ಕೂ ತಪ್ಪಾಯ್ತು. ಒಂದೇ ದಿನಕ್ಕೆ ಎಷ್ಟು ಕೇಳಿಸ್ತೀಯ?" ಅಂದ ಅತ್ತೆ ಹುಡುಗಿಯ ಕಡೆ ತಿರುಗಿದಳು. "ಮಧ್ಯಾಹ್ನಕ್ಕೆ ಮುಂದೂಡಿದ್ರು ಅಂದ್ಯಲ್ಲ. ಮಧ್ಯಾಹ್ನ ಏನಾಯ್ತು?"

ಹುಡುಗಿ ಮುಂದಿನ ಪುಟಗಳನ್ನು ತಿರುವಿದಳು. "ಬರೀ ಗಡಿ ವಿಷಯ ಅಜ್ಜಿ. ಹೊಲ ಮೇಲ್ದಂಡೆಯ ಧಣಿಗೆ ಹೋಯ್ತು. ಕೆಳದಂಡೆಯವನು ಮತ್ತೆ ಅರ್ಜಿ ಹಾಕಿದ. ಹನ್ನೊಂದು ವರ್ಷ ಕಿತ್ತಾಡಿದ್ದಾರೆ."

"ಹೊಲ ಹಾಳಾಗಿಹೋಗಲಿ. ಅವಳು ಕೂಸಿಗೆ ಉಣ್ಣಿಸಿದಳಾ ಇಲ್ವಾ, ಅದು ಬರ್ದಿದೆಯಾ ನೋಡು."

ಹುಡುಗಿ ನಿಜವಾಗಿಯೂ ಹುಡುಕಿದಳು. ಅಂಚುಗಳನ್ನು ನೋಡಿದಳು, ಹಿಂದೆ ಮುಂದೆ ತಿರುವಿದಳು, ಕಿಟಕಿಗೆ ಹಿಡಿದೂ ನೋಡಿದಳು.

"ಅದನ್ನ ಬರೆದಿಲ್ಲ ಅಜ್ಜಿ."

"ಬರೆಯೋದೇನಿದೆ," ಎಂದಳು ಅತ್ತೆ, ಸೊಸೆಯ ಕೈ ಬಿಡದೆ. "ಉಣ್ಣಿಸಿರ್ತಾಳೆ."